ಅಲ್ಲಿಗೆ ಬಸ್ಸಿಲ್ಲವೇ?

ಇದೆ. ರೈಲೂ ಇದೆ, ವಿಮಾನವೂ ಇದೆ. ಯೇಸುವಿನ ಶಿಷ್ಯ ಯಾಕೋಬನ ಸಮಾಧಿ ಇರುವುದೆಂದು ನಂಬುವ ಸ್ಪೇನಿನ ಸಾಂತಿಯಾಗೊ ದೆ ಕೊಂಪೊಸ್ತೇಲಕ್ಕೆ ಫ್ರಾನ್ಸಿನ ಗಡಿಯಿಂದ ಸುಮಾರು 780 ಕಿಲೋಮೀಟರು ನಡೆದು ಹೋದೆ ಎಂದ ಕೂಡಲೇ ಎಲ್ಲರೂ ಇದನ್ನೇ ಕೇಳುವುದರಿಂದ, ಉತ್ತರವನ್ನು ಒಮ್ಮೆಗೇ ಬರೆದಿಡುತ್ತಿದ್ದೇನೆ.

ಮದುವೆಯೊಂದರ ಪಂಕ್ತಿಯಲ್ಲಿ ಪಕ್ಕದ ಎಲೆಗೆ ಕುಳಿತಿದ್ದ ಹಿರಿಯರು ಅನ್ನಕ್ಕೆ ಸಾರು ಕಲೆಸುತ್ತ, “ನಮ್ಮ ದೇವರೆಲ್ಲ ಮುಗಿದರೇನಮ್ಮ?” ಎಂದರು. ಶಿವರಾತ್ರಿಗೆ ಬೆಂಗಳೂರಿನಿಂದ ಧರ್ಮಸ್ಥಳಕ್ಕೆ ಪಾದಯಾತ್ರೆ ಹೋಗುವವರು ಅವರು. ನಿಮಗೂ ಬಸ್ಸು ಸಿಗಲಿಲ್ಲವೇ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಪಾಯಸ ಬಂದು ಇಬ್ಬರ ಮರ್ಯಾದೆಯನ್ನೂ ಉಳಿಸಿತು.

ನಾನು ಮತಾಂತರವಾಗಿಲ್ಲ. ಒಂಬತ್ತನೆಯ ಶತಮಾನದಲ್ಲಿ ಬಿಷಪ್ ತೆಯೊದೊಮಿರೊ ಗುರುತಿಸಿದನೆನ್ನುವ ಆ ಮೂಳೆಗಳು ಯಾಕೋಬನವೇ ಎಂದು ವಾದಿಸುವ ಉತ್ಸಾಹವೂ ನನಗಿಲ್ಲ. ಅದೇ ಸಂತನನ್ನು ಕುದುರೆಯ ಮೇಲೆ ಕೂರಿಸಿ, ಮುಸ್ಲಿಮರನ್ನು ಕಡಿಯುವವನಂತೆ ಕೆತ್ತಿದ ಶಿಲ್ಪಗಳನ್ನೂ ದಾರಿಯಲ್ಲಿ ಕಂಡಿದ್ದೇನೆ, ಕಂಡು ಮುಜುಗರಪಟ್ಟಿದ್ದೇನೆ. ಯಾತ್ರೆ ಮುಗಿಸಿದವರಿಗೆ ಅಲ್ಲಿ ಕೊಡುವ ಪ್ರಮಾಣಪತ್ರದ ಆಸೆಯೇ ಇದ್ದಿದ್ದರೆ ಕೊನೆಯ 100 ಕಿಲೋಮೀಟರು ಸಾಕಿತ್ತು.

ಅಷ್ಟು ದೂರ ಒಬ್ಬಳೇ ನಡೆದೆಯಲ್ಲ, ದಾರಿ ತಪ್ಪಲಿಲ್ಲವೇ ಎಂದು ಯಾರೂ ಕೇಳಿಲ್ಲ. ಕೇಳಿದ್ದರೆ ಎಲಿಯಾಸ್ ವಲಿನ್ಯಾ ಎಂಬ ಪಾದ್ರಿಯ ಕಥೆ ಹೇಳುತ್ತಿದ್ದೆ. ಯಾತ್ರಿಕರು ವಿರಳವಾಗಿದ್ದ ಕಾಲದಲ್ಲಿ, ಒ ಸೆಬ್ರೇರೊ ಎಂಬ ಬೆಟ್ಟದೂರಿನ ಈ ಗುರು ರಸ್ತೆಗೆ ಬಳಿಯಲು ತಂದ ಹಳದಿ ಬಣ್ಣದಲ್ಲಿ ಉಳಿದದ್ದನ್ನು ಕೇಳಿ ಪಡೆದು, 1980ರ ದಶಕದಲ್ಲಿ ಮರ, ಬಂಡೆ, ಗೋಡೆಗಳ ಮೇಲೆ ಬಾಣದ ಗುರುತು ಬರೆಯುತ್ತ ಹೋದರೆಂದು ಆ ದಾರಿಯವರು ಹೇಳುತ್ತಾರೆ. 1987ರಲ್ಲಿ ಯುರೋಪ್ ಮಂಡಳಿ ಈ ಯಾತ್ರಾದಾರಿಯನ್ನು ತನ್ನ ಮೊದಲ ಸಾಂಸ್ಕೃತಿಕ ಮಾರ್ಗವೆಂದು ಘೋಷಿಸಿತು; 1993ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು. ಈಗ ವರ್ಷಕ್ಕೆ ನಾಲ್ಕು ಲಕ್ಷಕ್ಕೂ ಹೆಚ್ಚು ಜನ ಪ್ರಮಾಣಪತ್ರ ಪಡೆಯುತ್ತಾರೆ. ವಲಿನ್ಯಾ 1989ರಲ್ಲೇ ತೀರಿಕೊಂಡರು.

ದಾರಿಯಲ್ಲಿ ಸಿಗುವ ಬುರ್ಗೋಸ್ ನಗರ ದಾಟಿದ ಮೇಲಿನ ಬಯಲಿನಲ್ಲಿ, ಬೆಳಕು ಹರಿಯುವ ಮುನ್ನ, ಕವಲುದಾರಿಯಲ್ಲಿ ನಿಂತು ಟಾರ್ಚ್ ಹಾಯಿಸಿದಾಗ ಗೋಡೆಯ ಕಲ್ಲಿನ ಮೇಲೊಂದು ಬಾಣ ಸಿಕ್ಕಿತು. ಬಣ್ಣ ಚಕ್ಕೆಯೆದ್ದಲ್ಲಿ ಕೆಳಗಿನಿಂದ ಇನ್ನೊಂದು ಹಳೆಯ ಹಳದಿ ಇಣುಕುತ್ತಿತ್ತು. ಯಾರೋ ಅದೇ ಗೆರೆಯ ಮೇಲೆ ಮತ್ತೆ ಕುಂಚವಾಡಿಸಿದ್ದರು. ಬೊಬ್ಬೆಯೆದ್ದ ಹಿಮ್ಮಡಿಯಲ್ಲೇ ಅದು ತೋರಿದತ್ತ ಹೊರಳಿದೆ.

ಹಿಂದಿರುಗುವಾಗ, ಎಲ್ಲರ ಸಮಾಧಾನಕ್ಕಾಗಿ ಹೇಳುತ್ತೇನೆ, ಬಸ್ಸಿನಲ್ಲೇ ಬಂದೆ. ಹೆದ್ದಾರಿಯಿಂದ ಒಂದು ಬಾಣವೂ ಕಾಣಲಿಲ್ಲ.