ಡೊಂಬಿವಲಿಯಲ್ಲಿ ಕಟ್ಟಿದ ಅಕ್ಕಿಮುಡಿ

ಕಳೆದ ಡಿಸೆಂಬರಿನ ಒಂದು ಭಾನುವಾರ ಅಪ್ಪಯ್ಯ ಬೈಹುಲ್ಲು ಬೇಕೆಂದರು. ಮೊಮ್ಮಗಳಿಗೆ ಅಕ್ಕಿಮುಡಿ, ಅಂದರೆ ಬೈಹುಲ್ಲಿನಲ್ಲಿ ಅಕ್ಕಿ ತುಂಬಿ ಬಿಗಿದ ಗುಂಡು ಮೂಟೆ, ಕಟ್ಟಿ ತೋರಿಸಬೇಕಂತೆ. ಡೊಂಬಿವಲಿಯ ಮೂರನೇ ಮಾಳಿಗೆಗೆ ಬೈಹುಲ್ಲು ಎಲ್ಲಿಂದ ತರುವುದು? ಕಲ್ಯಾಣದ ಕಡೆಯ ಒಂದು ತಬೇಲಾದಿಂದ ಎರಡು ಕಟ್ಟು ಹೊತ್ತು ತಂದೆ.

ಊರಲ್ಲಿ ಮುಡಿಗೆ 42 ಸೇರು. ಇಲ್ಲಿ ಐದು ಸೇರು ಕುಚ್ಚಲಕ್ಕಿ ಸಾಕೆಂದರು. ಹುಲ್ಲಿಗೆ ನೀರು ಚಿಮುಕಿಸಿ, ಒಂದು ತುದಿಯನ್ನು ಕಾಲಿನ ಹೆಬ್ಬೆರಳಿಗೆ ಸಿಕ್ಕಿಸಿ ಹಗ್ಗ ಹೊಸೆದರು. ಹುಲ್ಲು ಹರಡಿ, ಅಕ್ಕಿ ಸುರಿದು, ಸುತ್ತಲಿಂದ ಮಡಚಿ, ಹಗ್ಗ ಬಿಗಿಯುತ್ತಾ ಲಟ್ಟಣಿಗೆಯಿಂದ ಬಡಿಯತೊಡಗಿದರು. ಬಡಿದಷ್ಟೂ ಮುಡಿ ಗುಂಡಗಾಗುತ್ತದೆ, ಅಕ್ಕಿಗೆ ಹುಳ ಹಿಡಿಯುವುದಿಲ್ಲ.

"ಸಡ್ಲ ಆದ್ರೆ ಒಡೇರ ಮನೆಯಿಂದ ವಾಪಾಸು ಬರ್ತಿತ್ತು" ಎಂದರು.

ಅಜ್ಜ ಒಡೇರ, ಅಂದರೆ ಜಮೀನಿನ ಧಣಿಗಳ, ಗದ್ದೆಯನ್ನು ಗೇಣಿಗೆ ಮಾಡುತ್ತಿದ್ದವರು. ಮುಡಿಗಳೆಲ್ಲ ಒಡೇರ ಉಪ್ಪರಿಗೆ ಸೇರಿದ ಮೇಲೆ ಮಳೆಗಾಲಕ್ಕೆ ಉಳಿಯುತ್ತಿದ್ದದ್ದು ಗಂಜಿಗಾಗುವಷ್ಟೇ. ಅಪ್ಪಯ್ಯ ಹುಟ್ಟಿದ್ದು ಬರ್ಮಾದ ಅಕ್ಕಿ ನಿಂತು ರೇಶನ್ ಬಂದಿದ್ದ ಯುದ್ಧದ ದಿನಗಳಲ್ಲಿ. 1957ರಲ್ಲಿ, ಹದಿಮೂರರ ಪ್ರಾಯಕ್ಕೆ, ಬೊಂಬಾಯಿಯ ಹೋಟೆಲಿನಲ್ಲಿ ಕಪ್ಪುಬಸಿ ತೊಳೆಯಲು ಬಂದರು. ರಾತ್ರಿ ಶಾಲೆ, ತಿಂಗಳಿಗೊಂದು ಮನಿಯಾರ್ಡರು.

ಬಡಿಯುವ ಸದ್ದಿಗೆ ಕೆಳಗಿನ ಮನೆಯ ಮರಾಠಿ ಅಜ್ಜ, ನಮಗೆಲ್ಲ ಆಜೋಬಾ, ಮೇಲೆ ಬಂದರು. ಬೈಯಲಿಕ್ಕೇ ಬಂದರೆಂದುಕೊಂಡೆ. ಚಪ್ಪಲಿ ಬಿಟ್ಟು ಚಾಪೆಯ ಮೇಲೆ ಕೂತು ಹಗ್ಗದ ಇನ್ನೊಂದು ತುದಿ ಹಿಡಿದರು! ರತ್ನಾಗಿರಿಯವರು. ಅವರದ್ದೂ ಗೇಣಿಯ ಗದ್ದೆ, 'ಕೂಳ ಕಾಯ್ದೆ'ಯಲ್ಲಿ ಸ್ವಂತವಾದದ್ದು; ಮರಾಠಿಯಲ್ಲಿ ಕೂಳ ಎಂದರೆ ಗೇಣಿದಾರ. 1948ರ ಆ ಕಾಯ್ದೆಗೆ ತಿದ್ದುಪಡಿಯಾಗಿ, 1957ರ ಏಪ್ರಿಲ್ 1ಕ್ಕೆ ಉಳುವವನೇ ಒಡೆಯನೆಂದಾಯಿತು.

ಅಪ್ಪಯ್ಯ ಬಡಿಯುವುದನ್ನು ನಿಲ್ಲಿಸಿದರು. "ನಾನು ಇಲ್ಲಿಗೆ ಬಂದ ವರ್ಷ" ಎಂದರು, ಮರಾಠಿಯಲ್ಲೇ.

ನಮ್ಮಲ್ಲಿ ಅದಕ್ಕೆ 1974 ಬರಬೇಕಾಯಿತು, ದೇವರಾಜ ಅರಸರು ಬರಬೇಕಾಯಿತು. ದೊಡ್ಡಪ್ಪ ಗೇಣಿಯ ಗದ್ದೆ ತಮಗೆ ಸಿಗಬೇಕೆಂದು ಡಿಕ್ಲರೇಶನ್ ಅರ್ಜಿ ಕೊಟ್ಟು, ಗದ್ದೆ ನಮ್ಮದಾಯಿತೆಂದು ಕಾಗದ ಬರೆಯುವಾಗ ಅಪ್ಪಯ್ಯ ಹೋಟೆಲಿನ ಗಲ್ಲಾದಲ್ಲಿ ಕೂರುತ್ತಿದ್ದರು. ನಾನು ಇಲ್ಲೇ ಹುಟ್ಟಿಯಾಗಿತ್ತು. ಆ 17 ವರ್ಷ ನೆನೆದರೆ ಈಗಲೂ ನನಗೆ ಹೊಟ್ಟೆ ಉರಿಯುತ್ತದೆ. ಕಾನೂನು ಅಷ್ಟು ಮೊದಲೇ ಬಂದಿದ್ದರೆ ಆ ಹುಡುಗನನ್ನು ಅಜ್ಜ ಬಸ್ಸು ಹತ್ತಿಸುತ್ತಿರಲಿಲ್ಲ. ಈಗ ಆ ಗದ್ದೆ ಹಡಿಲು ಬಿದ್ದಿದೆ. ನೇಜಿ ನೆಡುವವರಿಲ್ಲ.

"ಈಗ ಅಲ್ಲಿ ಯಾರು ಮಾಡುತ್ತಾರೆ?" ಆಜೋಬಾ ಕೇಳಿದರು. ಅಪ್ಪಯ್ಯ ತಲೆಯಾಡಿಸಿದರು. "ನಮ್ಮಲ್ಲೂ ಅಷ್ಟೆ" ಎಂದರು ಅವರು.

ಮುಡಿ ಮುಗಿದಾಗ ಮಗಳು ಎತ್ತಿ ತಲೆಯ ಮೇಲಿಟ್ಟುಕೊಂಡಳು. ಅಪ್ಪಯ್ಯ ಅದನ್ನು ಇಳಿಸಿ, ಸುತ್ತಲೂ ಹೆಬ್ಬೆರಳಿನಿಂದ ಒತ್ತಿ ನೋಡಿದರು. ಒಂದು ಕಡೆ ಸ್ವಲ್ಪ ಮೆತ್ತಗಿತ್ತು. ಹಗ್ಗ ಬಿಚ್ಚತೊಡಗಿದರು.

"ಇದು ಯಾರ ಮನೆಗೂ ಹೋಗುವುದಲ್ಲವಲ್ಲ ಅಪ್ಪಯ್ಯ" ಎಂದೆ.

"ಇರಲಿ, ಆ ಲಟ್ಟಣಿಗೆ ಕೊಡು" ಎಂದರು.