ಸರಿಯುತ್ತರಕ್ಕೆ ಸೊನ್ನೆ ಹಾಕಿದ್ದು

ಬೆಂಗಳೂರಿನ ಒಂದು ಶಾಲೆಯಲ್ಲಿ ಐಜಿಸಿಎಸ್‌ಇ (ಹತ್ತನೆಯ ತರಗತಿ ಮಟ್ಟದ ಅಂತರರಾಷ್ಟ್ರೀಯ ಪಠ್ಯಕ್ರಮ) ಗಣಿತ ಕಲಿಸುವ ನಾನು ಕಳೆದ ಮಾಕ್ ಪರೀಕ್ಷೆಯಲ್ಲಿ ಒಂಬತ್ತು ಮಕ್ಕಳ ಸರಿಯುತ್ತರಕ್ಕೆ ಕೆಂಪು ಶಾಯಿಯಲ್ಲಿ ಸೊನ್ನೆ ಸುತ್ತಿದ್ದೆ. ನೆನೆದರೆ ಈಗಲೂ ಮುಖ ಬಿಸಿಯಾಗುತ್ತದೆ.

ಪ್ರಶ್ನೆ ಎರಡು ಅಂಕದ್ದು: ತ್ರಿಭುಜ ‘ಪಿ’ಯನ್ನು ‘ಕ್ಯೂ’ಗೆ ಒಯ್ಯುವ ಒಂದೇ ರೂಪಾಂತರವನ್ನು ಪೂರ್ಣವಾಗಿ ವಿವರಿಸಿ. ಗ್ರಾಫಿನಲ್ಲಿ ‘ಪಿ’ಯ ಶೃಂಗಗಳು (1, 1), (5, 1), (3, 4), ‘ಕ್ಯೂ’ವಿನವು (−1, 1), (−5, 1), (−3, 4). ನನ್ನ ಮಾರ್ಕಿಂಗ್ ಸ್ಕೀಮಿನಲ್ಲಿ ‘ಪ್ರತಿಫಲನ’ಕ್ಕೆ (ಕನ್ನಡಿಯಲ್ಲಿ ಕಂಡಂತೆ ಮಗುಚುವುದಕ್ಕೆ) ಒಂದು ಅಂಕ, ‘ವೈ-ಅಕ್ಷದಲ್ಲಿ’ ಎಂಬುದಕ್ಕೆ ಇನ್ನೊಂದು.

ಪೇಪರು ಹಂಚಿದ ದಿನ ಒಬ್ಬಳು ಹುಡುಗಿ ಮೇಜಿನ ಬಳಿ ಬಂದು, “ಮ್ಯಾಮ್, ಇದು ಯಾಕೆ ತಪ್ಪು?” ಎಂದಳು. ಆಕೆ ಬರೆದದ್ದು ಸ್ಥಾನಾಂತರ, ಅಂದರೆ ಮಗುಚದೆ ತಿರುಗಿಸದೆ ಜರುಗಿಸುವುದು, ಎಡಕ್ಕೆ ಆರು ಮನೆ. ಎರಡೂ ತ್ರಿಭುಜಗಳು ಅಕ್ಷದ ಆಚೀಚೆ ಸಮದೂರದಲ್ಲಿರುವುದು ಕಣ್ಣಿಗೆ ಹೊಡೆಯುವಂತಿದ್ದರೂ ಕಾಣಲಿಲ್ಲವೇ ಎಂದು ನಾನು ಉತ್ತರವನ್ನು ಸರಿಯಾಗಿ ಓದದೆಯೇ ಕೇಳಿದೆ. ಆಕೆ ವಾದಿಸಲಿಲ್ಲ. ಟ್ರೇಸಿಂಗ್ ಪೇಪರಿನಲ್ಲಿ ‘ಪಿ’ಯನ್ನು ಎಳೆದುಕೊಂಡು, ಹಾಳೆಯನ್ನು ಮಗುಚದೆ, ಒಂದೊಂದೇ ಮನೆ ಎಣಿಸುತ್ತ ಎಡಕ್ಕೆ ಜರುಗಿಸಿದಳು. ಆರನೆಯ ಮನೆಗೆ ಅದು ‘ಕ್ಯೂ’ವಿನ ಮೇಲೆ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಕೂತಿತು.

ಅಲ್ಲಿಗೇ ಒಪ್ಪಿಕೊಳ್ಳಬಹುದಿತ್ತು. ನಾನೋ (1, 1)ರ ಮೇಲೆ ಬೆರಳಿಟ್ಟು, “ಈ ಮೂಲೆ (−1, 1)ಕ್ಕೆ ಹೋಗಬೇಕಲ್ಲವೇ? ನಿನ್ನದು (−5, 1)ಕ್ಕೆ ಹೋಗಿದೆ” ಎಂದೆ.

“ಅಲ್ಲಿಗೇ ಹೋಗಬೇಕು ಅಂತ ಎಲ್ಲಿ ಬರೆದಿದೆ ಮ್ಯಾಮ್?”

ತರಗತಿ ನಿಶ್ಶಬ್ದವಾಯಿತು. ಹೊಸ ಅಕ್ಷರಗಳು ಮೂಡಿಬಂದಾವು ಎಂಬಂತೆ ನಾನು ಪ್ರಶ್ನೆಯನ್ನು ಎರಡು ಸಲ ಓದಿದೆ. ಮೂಲೆಗಳಿಗೆ ಕೊಟ್ಟ ಎ, ಬಿ, ಸಿ ಎಂಬ ಗುರುತುಗಳು ನನ್ನ ಕೈಬರಹದ ಕರಡಿನಲ್ಲಿದ್ದವು. ಎಲ್ಲ ಪ್ರಶ್ನೆಪತ್ರಿಕೆಗಳನ್ನೂ ಹೊಸ ತಂತ್ರಾಂಶದಲ್ಲಿಯೇ ಸಂಜೆ ನಾಲ್ಕರೊಳಗೆ ಸಿದ್ಧಪಡಿಸಬೇಕೆಂದು ಆಡಳಿತ ಪಟ್ಟು ಹಿಡಿದ ದಿನ, ಅವು ಗ್ರಾಫಿನ ಗೆರೆಗಳ ಮೇಲೆ ಬಿದ್ದು ಅಂದಗೆಡುತ್ತಿವೆಯೆಂದು ನಾನೇ ಅಳಿಸಿದ್ದೆ. ಯಾವ ಮೂಲೆ ಎಲ್ಲಿಗೆ ಹೋಯಿತೆಂಬುದು ನನ್ನ ತಲೆಯಲ್ಲಿತ್ತೇ ಹೊರತು ಹಾಳೆಯಲ್ಲಿ ಇರಲಿಲ್ಲ.

ನಾನು ಆರಿಸಿದ್ದು ಸಮದ್ವಿಬಾಹು ತ್ರಿಭುಜ. ‘ಪಿ’ಗೆ ಎಕ್ಸ್ = 3 ಎಂಬ ತನ್ನದೇ ಸಮಮಿತಿ ಅಕ್ಷವಿದೆ; ಆ ಗೆರೆಯಲ್ಲಿ ಮಗುಚಿದರೆ ಅದು ಇದ್ದಂತೆಯೇ ಇರುತ್ತದೆ, ಆಮೇಲೆ ವೈ-ಅಕ್ಷದಲ್ಲಿ ಮಗುಚಿದರೆ ಮೂರು ಮನೆ ಅಂತರದ ಎರಡು ಸಮಾಂತರ ಗೆರೆಗಳ ಪ್ರತಿಫಲನಗಳು ಕೂಡಿ ಆರು ಮನೆಯ ಸ್ಥಾನಾಂತರವೇ ಆಗುತ್ತದೆ. ಇದನ್ನು ನಾನೇ ಹಲವು ವರ್ಷಗಳಿಂದ ಬೋರ್ಡಿನ ಮೇಲೆ ಬರೆದು ತೋರಿಸುತ್ತ ಬಂದಿದ್ದೇನೆ! ಮೂರನೆಯ ಶೃಂಗವನ್ನು (2, 4)ರಲ್ಲಿ ಇಟ್ಟು ಅಸಮಬಾಹು ತ್ರಿಭುಜ ಮಾಡಿದ್ದರೆ ಸಾಕಿತ್ತು: ಪ್ರತಿಫಲನದಲ್ಲಿ ಅದು (−2, 4)ಕ್ಕೂ ಸ್ಥಾನಾಂತರದಲ್ಲಿ (−4, 4)ಕ್ಕೂ ಹೋಗುತ್ತಿತ್ತು.

ಮೂವತ್ತೊಂದು ಪೇಪರುಗಳನ್ನೂ ಮತ್ತೆ ತೆಗೆದೆ. ಮೂಲಬಿಂದುವಿನ ಸುತ್ತ 180 ಡಿಗ್ರಿ ತಿರುಗಿಸಬೇಕೆಂದು ಬರೆದ ಹುಡುಗನ ತ್ರಿಭುಜ ತಲೆಕೆಳಗಾಗುವುದರಿಂದ ಅವನ ಸೊನ್ನೆ ಉಳಿಯಿತು. ಸ್ಥಾನಾಂತರವೆಂದು ಬರೆದ ಒಂಬತ್ತು ಮಕ್ಕಳ ಅಂಕ ತಿದ್ದಲು ಪೋರ್ಟಲ್ ಕಾರಣ ಕೇಳಿತು. ಅದು ಕೊಟ್ಟ ಆಯ್ಕೆಗಳಲ್ಲಿ ‘ಪ್ರಶ್ನೆಯೇ ತಪ್ಪು’ ಎಂಬುದು ಇರಲಿಲ್ಲವಾಗಿ, ವಿಭಾಗದ ಮುಖ್ಯಸ್ಥರ ಸಲಹೆಯಂತೆ ಒಂಬತ್ತು ಸಲವೂ ‘ಕೂಡುವಲ್ಲಿ ತಪ್ಪು’ ಎಂದು ಒತ್ತಿದೆ.