ಸುತ್ತಿಗೆ ಹಿಡ್ಕೊಂಡು ಹೋದ ಪ್ರವಾಸ

ಅಕ್ಕನ ಮಗಳಿಗೆ ಹನ್ನೊಂದು ವರ್ಷ. ನ್ಯೂಜೆರ್ಸಿಯ ಎಡಿಸನ್‌ನಲ್ಲಿರುವ ಅವರ ಮನೆಗೆ ಹೋದ ಮೊದಲ ರಾತ್ರಿಯೇ ನೋಟ್‌ಬುಕ್ ತಂದು ನನ್ನ ಮುಂದಿಟ್ಟಳು. ಅವಳೇ ಬರೆಯುತ್ತಿರುವ ಕಥೆ. ಅದರಲ್ಲೊಂದು ಹರಳು. ಬಿಸಿಲಿಗಿಟ್ಟರೆ ಬೆಳಕು ಕುಡಿಯುತ್ತದೆ, ಪಕ್ಕದಲ್ಲಿ ಹಾಡಿದರೆ ಹಾಡನ್ನೂ ನುಂಗುತ್ತದೆ. ರಾತ್ರಿ ತಟ್ಟಿದರೆ ಎರಡನ್ನೂ ವಾಪಸ್ ಕೊಡುತ್ತದೆ.

"ಇಂಥದ್ದು ನಿಜವಾಗ್ಲೂ ಇದ್ಯಾ ಮಾಮ?"

"ಒಂದೇ ಕಲ್ಲಲ್ಲಿ ಎರಡೂ ಇಲ್ಲ ಕಣೇ. ಬೇರೆ ಬೇರೆ ಇವೆ" ಅಂದೆ. ಅಷ್ಟಕ್ಕೇ ಶನಿವಾರ, ಭಾನುವಾರ ಎರಡೂ ಬುಕ್ ಆಗಿಹೋದವು.

ಅವಳಿಗೆ ಈ ಹುಚ್ಚು ಊರಿನ ಗಾಳಿಯಿಂದಲೇ ಬಂದಿರಬೇಕು. ಥಾಮಸ್ ಎಡಿಸನ್ 1877ರಲ್ಲಿ ತವರದ ಹಾಳೆ ಸುತ್ತಿದ ಉರುಳೆಯ ಮೇಲೆ ದನಿ ಹಿಡಿದಿಟ್ಟಿದ್ದು ಇಲ್ಲಿನ ಮೆನ್ಲೋ ಪಾರ್ಕಿನಲ್ಲಿ. 1879ರಲ್ಲಿ ಬಲ್ಬ್ ಉರಿಸಿದ್ದೂ ಅಲ್ಲೇ. ಈಗ ಅಲ್ಲೊಂದು ಗೋಪುರ, ಅದರ ತಲೆಯ ಮೇಲೆ ದೈತ್ಯ ಬಲ್ಬು.

ಶನಿವಾರ ಉತ್ತರಕ್ಕೆ ಹೊರಟೆವು. ಆಗ್ಡನ್ಸ್‌ಬರ್ಗ್ ಅನ್ನೋ ಸಣ್ಣ ಊರಲ್ಲಿ ಸ್ಟರ್ಲಿಂಗ್ ಹಿಲ್ ಸತುವಿನ ಗಣಿ ಇದೆ. 1986ರಲ್ಲಿ ಮುಚ್ಚಿತು, ಈಗ ಮ್ಯೂಸಿಯಂ. ದಾರಿಯಲ್ಲಿ ಭಾವ ಇನ್ನೊಂದು ವಿಷಯ ಹೇಳಿದರು. ಇದೇ ಗುಡ್ಡಗಳಲ್ಲಿ ಎಡಿಸನ್ 1890ರ ದಶಕದಲ್ಲಿ ಆಯಸ್ಕಾಂತದಿಂದ ಕಬ್ಬಿಣದ ಅದಿರು ಬೇರ್ಪಡಿಸಲು ಹೋಗಿ ಚೆನ್ನಾಗಿ ಕೈ ಸುಟ್ಟುಕೊಂಡನಂತೆ. ಹತ್ತಿರದಲ್ಲೇ ಬೆಳಗೋ ಕಲ್ಲಿತ್ತು, ಪಾಪ.

ಮೊದಲಿಗೆ ಗಣಿ ಕೆಲಸಗಾರರು ಬಟ್ಟೆ ಬದಲಿಸುತ್ತಿದ್ದ ಹಾಲ್. ಅವರ ಬಟ್ಟೆಯ ಬುಟ್ಟಿಗಳು ಇನ್ನೂ ಸರಪಳಿಯಲ್ಲಿ ಸೂರಿಗೆ ನೇತಾಡುತ್ತಿವೆ. ಅಲ್ಲಿಂದ ಸುರಂಗ. ಹೊರಗೆ ಜುಲೈ ಸೆಕೆ, ಒಳಗೆ ಹದಿಮೂರು ಡಿಗ್ರಿ. ಸ್ವೆಟರ್ ತಗೊಳ್ಳಿ ಅಂತ ಅಕ್ಕ ಹೇಳಿದ್ದಳು. ನಾವಿಬ್ಬರೂ ಗಂಡಸರು ಕೇಳಿರಲಿಲ್ಲ.

ಕೊನೆಯಲ್ಲಿ ಒಂದು ಗೋಡೆಯ ಮುಂದೆ ನಿಲ್ಲಿಸಿದರು. ಕಪ್ಪು ಚುಕ್ಕೆ, ಬಿಳಿ ಕಲೆ, ಕಂದು ಗೆರೆ. ನಮ್ಮ ರಸ್ತೆ ಪಕ್ಕದ ಜಲ್ಲಿಗಿಂತ ಚೆಂದವೇನಿಲ್ಲ. ಗೈಡ್ ದೀಪ ಆರಿಸಿ, ಯುವಿ, ಅಂದರೆ ಕಣ್ಣಿಗೆ ಕಾಣದ ನೇರಳಾತೀತ ಬೆಳಕಿನ ದೀಪ ಹಚ್ಚಿದ. ಇಡೀ ಗೋಡೆ ಹಸಿರು, ಕೆಂಡಗೆಂಪು. ಯಾರೂ ಮಾತಾಡಲಿಲ್ಲ. ಹಸಿರು ಅಂದರೆ ಎಲೆಹಸಿರಲ್ಲ, ನಮ್ಮ ಡಿಪ್ಲೊಮಾ ಲ್ಯಾಬಿನ ಹಳೇ ಆಸಿಲೋಸ್ಕೋಪ್ (ವಿದ್ಯುತ್ತಿನ ಅಲೆ ತೋರಿಸೋ ಯಂತ್ರ) ಪರದೆಯ ಹಸಿರು. ಅದು ಸುಮ್ನೆ ಹೋಲಿಕೆಯಲ್ಲ. ಈ ಹಸಿರು ಕಲ್ಲಿನ ಹೆಸರು ವಿಲ್ಲೆಮೈಟ್. ಅದನ್ನೇ ಕೃತಕವಾಗಿ ಮಾಡಿ ಅಂಥ ಪರದೆಗಳ ಒಳಗೆ ಬಳಿಯುತ್ತಿದ್ದರು. ಕೆಂಪು ಕಾಣಿಸಿದ್ದು ಕ್ಯಾಲ್ಸೈಟ್. ಎರಡರಲ್ಲೂ ಕರಾಮತ್ತು ಮಾಡುವುದು ಚೂರುಪಾರು ಮ್ಯಾಂಗನೀಸ್. ಕಣ್ಣಿಗೆ ಕಾಣದ ಬೆಳಕನ್ನು ನುಂಗಿ ಕಾಣುವ ಬೆಳಕು ಕಕ್ಕುತ್ತದೆ.

ಪುಟ್ಟಿ ಆನ್‌ಲೈನ್‌ನಲ್ಲಿ ತರಿಸಿದ್ದ ಅಗ್ಗದ ಯುವಿ ಟಾರ್ಚ್ ತೆಗೆದು ಕ್ಯಾಲ್ಸೈಟ್‌ಗೆ ಹಿಡಿದಳು. ಏನೂ ಆಗಲಿಲ್ಲ. ಅವಳ ಮುಖ ಸಣ್ಣಗಾಯಿತು. ಇದಕ್ಕೆ ಇನ್ನೂ ಕಡಿಮೆ ತರಂಗಾಂತರದ ದೀಪ ಬೇಕು, ಆ ಟಾರ್ಚ್ ನೋಟು ಪರೀಕ್ಷೆ ಮಾಡೋಕೆ ಸರಿ ಅಂದ ಗೈಡ್. ಆದರೆ ಅವನೇ ತನ್ನ ದೀಪಕ್ಕೆ ಒಂದು ವಿಲ್ಲೆಮೈಟ್ ಚೂರು ಹಿಡಿದು, ದೀಪ ಆರಿಸಿ, ಅವಳ ಅಂಗೈಗೆ ಹಾಕಿದ. ಚೂರು ಇನ್ನೂ ಮಂಕಾಗಿ ಹಸಿರಿತ್ತು. ಪುಟ್ಟಿ ಎಣಿಸಿದಳು. ಹನ್ನೆರಡಕ್ಕೆ ಕತ್ತಲು. ಎಲ್ಲ ವಿಲ್ಲೆಮೈಟೂ ಹೀಗೆ ಬೆಳಕು ಹಿಡಿದಿಡಲ್ಲ, ಕೆಲವು ಮಾತ್ರ.

ಭಾನುವಾರ ಡೆಲವೇರ್ ನದಿ ದಾಟಿ ಪೆನ್ಸಿಲ್ವೇನಿಯಾ. ಬಕ್ಸ್ ಕೌಂಟಿಯ ರಿಂಗಿಂಗ್ ರಾಕ್ಸ್ ಪಾರ್ಕ್. ಇಲ್ಲಿ ಟಿಕೆಟ್ ಇಲ್ಲ, ಗೈಡ್ ಇಲ್ಲ. ಸುತ್ತಿಗೆ ಮಾತ್ರ ನಾವೇ ತರಬೇಕು. ಭಾವನ ಗ್ಯಾರೇಜಿನಿಂದ ಮೂರು ತಂದಿದ್ದೆವು. ಕಾಡೊಳಗೆ ಐದು ನಿಮಿಷ ನಡೆದರೆ ಇದ್ದಕ್ಕಿದ್ದಂತೆ ಮರಗಳು ನಿಲ್ಲುತ್ತವೆ. ಎಕರೆಗಟ್ಟಲೆ ಬರೀ ಬಂಡೆ, ಡಯಾಬೇಸ್ ಅನ್ನೋ ಗಟ್ಟಿ ಕಪ್ಪು ಕಲ್ಲು.

ನಾನು ಹೊಡೆದ ಮೊದಲ ಕಲ್ಲು ದಬ್ ಅಂತು. ಎರಡನೆಯದೂ ದಬ್. "ಮಾಮ, ಬೇರೆಯವರು ಹೊಡೆದಿರೋ ಗುರುತು ನೋಡು" ಅಂದಳು ಪುಟ್ಟಿ. ಸರಿಯೇ. ಹಾಡುವ ಕಲ್ಲುಗಳ ಮೈಮೇಲೆ ಬಿಳಿ ಬಿಳಿ ಚುಕ್ಕೆ, ಸುತ್ತಿಗೆ ಏಟಿನವು. ಅಲ್ಲಿ ಹೊಡೆದರೆ ಟಣ್! ಕಲ್ಲಿನ ಸದ್ದೇ ಅಲ್ಲ ಅದು, ನಮ್ಮೂರ ಶಾಲೆಯಲ್ಲಿ ಗಂಟೆ ಬಾರಿಸಲು ನೇತುಹಾಕಿದ್ದ ರೈಲು ಕಂಬಿಯ ಸದ್ದು. 1890ರಲ್ಲಿ ಜೆ. ಜೆ. ಆಟ್ ಎಂಬುವರು ಇಂಥ ಕಲ್ಲುಗಳನ್ನು ಜೋಡಿಸಿ ಬ್ಯಾಂಡ್ ಜೊತೆ ಕಛೇರಿಯನ್ನೇ ಕೊಟ್ಟಿದ್ದರು.

ಹಂಪಿ ನೆನಪಾಯಿತು. ಶಾಲಾ ಪ್ರವಾಸದಲ್ಲಿ ವಿಠ್ಠಲ ದೇವಸ್ಥಾನದ ಸಂಗೀತ ಕಂಬಕ್ಕೆ ಕಿವಿ ಇಟ್ಟು ಬೆರಳಲ್ಲಿ ತಟ್ಟಿದ್ದೆ. ಈಗ ಅಲ್ಲಿ ಕಂಬ ತಟ್ಟುವಂತಿಲ್ಲ, ಅದೇ ಸರಿ ಕೂಡ. ಅದು ಶಿಲ್ಪಿ ಕೆತ್ತಿದ ಕಂಬ. ಇಲ್ಲಿನ ಬಂಡೆಗೆ ಯಾರ ಕೈಯೂ ತಾಗಿರಲಿಲ್ಲ, ನಮ್ಮಂಥವರ ಸುತ್ತಿಗೆ ಬಿಟ್ಟರೆ.

ಆಮೇಲಿನ ಒಂದು ಗಂಟೆ ಬರೀ ಗಲಾಟೆ. ಸ ಸಿಕ್ಕಿತು, ಪ ಸಿಕ್ಕಿತು ಅಂತ ನಾನು ಕೂಗುತ್ತಿದ್ದೆ. ಭಾವ "ಗಜವದನ ಬೇಡುವೆ" ಬಾರಿಸಲು ಹೋಗಿ ಎರಡನೇ ಸ್ವರಕ್ಕೇ ಹೆಬ್ಬೆರಳಿಗೆ ಹೊಡೆದುಕೊಂಡರು. ಚಿತ್ರಾನ್ನದ ಡಬ್ಬಿ ತಣ್ಣಗಿಡಲು ತಂದಿದ್ದ ಐಸ್ ಅವರ ಬೆರಳಿಗೆ ಹೋಯಿತು.

ಪುಟ್ಟಿ ಮಾತ್ರ ಒಂದು ಕಲ್ಲಿನ ಮುಂದೆ ಕುಕ್ಕರುಗಾಲಲ್ಲಿ ಕೂತಿದ್ದಳು. ಅರ್ಧ ಮಣ್ಣಲ್ಲಿ ಹೂತಿದ್ದ ಕಲ್ಲು. ಎಲ್ಲಿ ಹೊಡೆದರೂ ದಬ್.

"ಮಾಮ, ನನ್ನ ಹರಳನ್ನ ರಾಕ್ಷಸ ಮಣ್ಣಲ್ಲಿ ಹೂತಿಡ್ತಾನೆ ಅಂತ ಬರೀಲಾ?"

"ಬರಿ. ಬೆಳಕು?"

"ಬೆಳಕು ಹನ್ನೆರಡು ಎಣಿಸೋವರೆಗೆ ಇರತ್ತೆ. ಅಷ್ಟರಲ್ಲಿ ಹುಡುಕಬೇಕು."